ಹದಿನಾಲ್ಕು ಜನರ ಒಂದು ಭಾನುವಾರ

"ಇನ್ನೊಂದು ಸಲ ಕೇಳಿ," ಎಂದು ಕೋಚಿಂಗ್ ಸೆಂಟರಿನ ಮಾಲೀಕ ಲ್ಯಾಪ್‌ಟಾಪನ್ನು ಟೀಚರ್ ಕಡೆಗೆ ತಿರುಗಿಸಿದ. ಪರದೆಯ ಮೇಲೆ ನೋಡುವುದಕ್ಕೇನೂ ಇರಲಿಲ್ಲ. ಒಂದು ಹಸಿರು ಗೆರೆ ಮಾತು ಬಂದಾಗ ನಡುಗಿ, ಮಾತು ನಿಂತಾಗ ಮಲಗುತ್ತಿತ್ತು.

ಹೆಂಗಸಿನ ಧ್ವನಿ. ಆ ದೂರದ ಭಾಷೆಯಲ್ಲಿ, ಒಂದೇ ಒಂದು ತಪ್ಪಿಲ್ಲದೆ ಅದು ಹೇಳುತ್ತಿತ್ತು: "ಭಾನುವಾರ ನಾನು ನನ್ನ ತಂಗಿಯ ಜೊತೆ ಕೆರೆಯ ದಂಡೆಯಲ್ಲಿ ನಡೆಯುತ್ತೇನೆ. ಗಾಳಿ ತಂಪಾಗಿರುತ್ತದೆ. ನಾವು ಬಾಲ್ಯದ ದಿನಗಳನ್ನು ನೆನೆಯುತ್ತೇವೆ." ಆಮೇಲೆ ಗಂಟಲಲ್ಲಿ ಒಂದು ಸಣ್ಣ ಕೆಮ್ಮು, ಬಾಗಿಲು ತಟ್ಟಿದ ಹಾಗೆ ಎರಡು ಸಲ. "ಒಟ್ಟಿನಲ್ಲಿ ಹೇಳುವುದಾದರೆ, ಭಾನುವಾರ ನನಗೆ ಬಹಳ ಪ್ರಿಯವಾದ ದಿನ."

ಮಾಲೀಕ ಮುಂದಿನದನ್ನು ಒತ್ತಿದ. ಈಗಿನದು ತೆಳು ಧ್ವನಿ, ಚಿಕ್ಕ ಹುಡುಗಿಯದಿರಬೇಕು. ಅದೇ ತಂಗಿ, ಅದೇ ಕೆರೆ, ಅದೇ ಗಾಳಿ. ಅದೇ ಜಾಗದಲ್ಲಿ ಎರಡು ಸಲ ಕೆಮ್ಮು. ಮೂರನೆಯದು. ನಾಲ್ಕನೆಯದು.

"ಹದಿನಾಲ್ಕು ಜನ ಮೇಡಂ. ಹದಿನಾಲ್ಕು ಜನಕ್ಕೂ ಒಬ್ಳೇ ತಂಗಿ," ಎಂದ ಮಾಲೀಕ. "ಭಾನುವಾರ ಬಂತು ಅಂದ್ರೆ ಆ ಹುಡುಗಿಗೆ ಕಾಲು ಎಷ್ಟು ನೋಯಬೇಕು ಹೇಳಿ."

ಟೀಚರ್ ನಗಲಿಲ್ಲ. ಕೆಳಗಿನ ಟೈರ್ ಅಂಗಡಿಯಲ್ಲಿ ಯಾರೋ ಚಕ್ರದ ಮೇಲೆ ಸುತ್ತಿಗೆಯಿಂದ ಹೊಡೆಯುತ್ತಿದ್ದರು. ಇಪ್ಪತ್ತು ವರ್ಷದಿಂದ ಆ ಹೊಡೆತದ ಮೇಲೇ ಧ್ವನಿ ಏರಿಸಿ ಅವಳು ಆ ಭಾಷೆಯನ್ನು ಕಲಿಸಿದ್ದಳು. ಊರಿನ ಆಸ್ಪತ್ರೆಗಳ ನರ್ಸುಗಳು ಡ್ಯೂಟಿ ಮುಗಿಸಿ ಬರುತ್ತಿದ್ದರು. ಮಾತಿನ ಪರೀಕ್ಷೆ ಪಾಸಾದರೆ ಆ ದೇಶದ ಆಸ್ಪತ್ರೆಗಳಲ್ಲಿ ಕೆಲಸ. ಪರೀಕ್ಷೆಗೆ ಮೊದಲೇ ಗೊತ್ತಿದ್ದ ಪ್ರಶ್ನೆಗಳಿದ್ದವು, ಪ್ರಶ್ನೆಗಳಿಗೆ ಟೀಚರ್ ಬರೆದ ಉತ್ತರಗಳಿದ್ದವು. ಅವಳು ಹೇಳುವುದು, ಅವರು ಒಟ್ಟಾಗಿ ತಿರುಗಿ ಹೇಳುವುದು. ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಬರುವ ತನಕ. ಹೀಗೆ ಗುಂಪುಗುಂಪಾಗಿ ಪಾಸಾಗಿ ಹೋಗಿದ್ದರು. ಈ ವರ್ಷ ಪರೀಕ್ಷೆ ಬದಲಾಗಿತ್ತು. ಪರೀಕ್ಷಕ ತನಗೆ ತೋಚಿದ್ದನ್ನು ಕೇಳುತ್ತಾನೆ, ಉತ್ತರದ ಮೇಲೆ ಮತ್ತೆ ಕೇಳುತ್ತಾನೆ. ಹದಿನಾಲ್ಕು ಜನವೂ ಫೇಲು. ಅವರ ಪರೀಕ್ಷೆಯ ರೆಕಾರ್ಡಿಂಗುಗಳೇ ಇವು.

"ಇದೊಂದು ಕೇಳಿಬಿಡಿ, ಕೊನೇದು," ಎಂದ ಮಾಲೀಕ.

ಇದರಲ್ಲಿ ಪರೀಕ್ಷಕನೂ ಇದ್ದ. ವಯಸ್ಸಾದವನ ಧ್ವನಿ. ಕೆರೆಯ ಉತ್ತರ ಮುಗಿದ ಮೇಲೆ ಅವನು ನಗುತ್ತಲೇ ಹೇಳಿದ, "ಆ ಕೆರೆ ಹತ್ತಿರ ಭಾನುವಾರ ಕಾಲಿಡೋಕೂ ಜಾಗ ಇರಲಿಕ್ಕಿಲ್ಲ, ಅಲ್ಲವೇ?" ಕೊಂಕಿರಲಿಲ್ಲ ಅದರಲ್ಲಿ. ಎದುರಿಗಿದ್ದವಳೂ ನಕ್ಕುಬಿಡಲಿ ಎಂದು ಕಾಯುತ್ತಿದ್ದ. ಹಸಿರು ಗೆರೆ ಮಲಗಿತು. ಕುರ್ಚಿ ಕಿರುಗುಟ್ಟಿತು. ಆಮೇಲೆ ಎರಡು ಸಲ ಕೆಮ್ಮು, ಮತ್ತೆ ಮೊದಲಿನಿಂದ: "ಭಾನುವಾರ ನಾನು ನನ್ನ ತಂಗಿಯ ಜೊತೆ..."

ಅದು ಕ್ಲಾಸಿನವರೆಲ್ಲ ದೊಡ್ಡಕ್ಕ ಎನ್ನುವ ಹಿರಿಯ ನರ್ಸಿನ ಧ್ವನಿ. ಟೀಚರಿಗೆ ಮೊದಲ ಪದದಲ್ಲೇ ಗೊತ್ತಾಗಿತ್ತು.

ಉತ್ತರದಲ್ಲಿದ್ದ ತಂಗಿ ಟೀಚರಿನ ಸ್ವಂತ ತಂಗಿ. ಮದುವೆಗೆ ಮುಂಚೆ ಇಬ್ಬರೂ ನಡೆಯುತ್ತಿದ್ದ ಕೆರೆ ಅದು. ಈಗ ತಂಗಿ ಬೇರೆ ಊರಿನಲ್ಲಿ. ಅವಳ ಜೊತೆ ಫೋನಿನಲ್ಲಿ ಗ್ಯಾಸ್ ಸಿಲಿಂಡರ್ ವಿಷಯ ಬಿಟ್ಟರೆ ಬೇರೆ ಮಾತು ಬರುತ್ತಿರಲಿಲ್ಲ. ಕೆಮ್ಮೂ ಟೀಚರಿನದೇ. ಚಾಕ್ ಪುಡಿಯಿಂದ ಹತ್ತಿದ್ದಿರಬೇಕು. ತನಗೆ ಅಂಥದ್ದೊಂದು ಇದೆ ಎಂದು ಯಾರೂ ಹೇಳಿರಲಿಲ್ಲ. ಎಲ್ಲರೂ ಪಾಠದ ಭಾಗವೆಂದೇ ಕಲಿತುಬಿಟ್ಟಿದ್ದರು. ಈಗ ಕುರ್ಚಿಯಲ್ಲಿ ಕೂತಿರುವಾಗಲೇ ಗಂಟಲು ತುರಿಸಿತು. ನುಂಗಿಕೊಂಡಳು.

"ಪಾಠ ಮಾಡೋಕೆ ಒಬ್ಬ ಹುಡುಗ ಸಿಕ್ಕಿದಾನೆ," ಎಂದ ಮಾಲೀಕ, ಲ್ಯಾಪ್‌ಟಾಪ್ ಮುಚ್ಚುತ್ತ. "ಕಾರ್ಡು, ಆಟ, ಹಾಡು, ಎಲ್ಲಾ ಚೀಲದಲ್ಲಿ ಹಾಕ್ಕೊಂಡು ಓಡಾಡ್ತಾನೆ. ನೀವು ಕೆಲಸ ಬಿಡಿ ಅಂತ ನಾನು ಹೇಳ್ತಿಲ್ಲ..."

"ಹೊಸಬರಿಗೆಲ್ಲ ಅವನೇ ಪಾಠ ಮಾಡ್ಲಿ. ಈ ಫೇಲಾದವರನ್ನ ನನಗೆ ಬಿಡಿ."

"ಎರಡೇ ತಿಂಗಳಿಗೆ ಮರುಪರೀಕ್ಷೆ. ಅಷ್ಟರೊಳಗೆ ಇವರ ತಲೆಯಿಂದ ಆ ಕೆರೆ ಖಾಲಿ ಮಾಡೋಕಾಗುತ್ತಾ ಮೇಡಂ?"

"ತುಂಬಿದವಳು ನಾನೇ ಅಲ್ವಾ?" ಎಂದು ಟೀಚರ್ ಎದ್ದಳು.

ಹದಿನಾಲ್ಕರಲ್ಲಿ ಆರು ಜನ ಮರಳಿ ಬಂದರು. ಉಳಿದವರಿಗೆ ಈ ಮೆಟ್ಟಿಲು ಹತ್ತಿ ಸಾಕಾಗಿತ್ತು. ಬಂದವರಲ್ಲಿ ಎಲ್ಲರಿಗಿಂತ ಕಿರಿಯವಳಿಗೆ ಪಟಾಕಿ ಎಂದು ಹೆಸರು. ಅವಳ ಬಾಯಿ ಮುಚ್ಚಿದ್ದನ್ನು ಹಲ್ಲಿನ ಡಾಕ್ಟರ್ ಕೂಡ ನೋಡಿಲ್ಲ ಎನ್ನುತ್ತಿದ್ದರು. ಎಲ್ಲರಿಗಿಂತ ಹಿರಿಯವಳು ದೊಡ್ಡಕ್ಕ. ದೊಡ್ಡ ಆಸ್ಪತ್ರೆಯ ಸರ್ಜರಿ ವಾರ್ಡು ಅವಳ ಕೈಯಲ್ಲಿತ್ತು. ಅಲ್ಲಿ ಡಾಕ್ಟರುಗಳೂ ಅವಳನ್ನು ಕೇಳಿ ಕುರ್ಚಿ ಸರಿಸುತ್ತಿದ್ದರು. ಇಲ್ಲಿ ಹಿಂದಿನ ಬೆಂಚಿನಲ್ಲಿ, ಬ್ಯಾಗು ತೊಡೆಯ ಮೇಲಿಟ್ಟುಕೊಂಡು, ತನ್ನ ಸರದಿ ಕಾಯುವ ರೋಗಿಯ ಹಾಗೆ ಕೂರುತ್ತಿದ್ದಳು. ಆ ದೇಶ ನಲವತ್ತೈದು ದಾಟಿದವರನ್ನು ತೆಗೆದುಕೊಳ್ಳುವುದಿಲ್ಲ. ದೊಡ್ಡಕ್ಕನಿಗೆ ಇದು ಕೊನೆಯ ಪರೀಕ್ಷೆ ಎಂದು ಎಲ್ಲರಿಗೂ ಗೊತ್ತಿತ್ತು, ಆದ್ದರಿಂದ ಯಾರೂ ಆ ಮಾತೆತ್ತುತ್ತಿರಲಿಲ್ಲ.

ಟೀಚರ್ ಮೇಜಿನ ಮೇಲೆ ಕೈಯೂರಿ ನಿಂತಳು. "ನಿಮ್ಮ ಹತ್ರ ಇರೋ ಗೈಡುಗಳನ್ನ ಇಲ್ಲಿಡಿ. ಇವತ್ತಿಂದ ಈ ಕೋಣೇಲಿ ನಾನು ಆ ಭಾಷೆ ಮಾತಾಡಲ್ಲ. ನಮ್ಮ ಭಾಷೆಯನ್ನೂ ಮಾತಾಡಲ್ಲ. ಬಾಯೇ ಬಿಡಲ್ಲ. ಮಾತೆಲ್ಲ ನಿಮ್ಮದು, ಅದೂ ಆ ಭಾಷೆಯಲ್ಲೇ. ನಮ್ಮ ಭಾಷೆ ಬಂದ್ರೆ ಹೊರಗೆ ಹೋಗಿ ಮಾತಾಡಿ ಬನ್ನಿ."

ಗೈಡುಗಳು ಒಂದೊಂದಾಗಿ ಮೇಜಿನ ಮೇಲೆ ಬಂದವು.

"ನೀವು ಹೇಳ್ಕೊಡದೆ ನಾವು ಹೇಗೆ ಹೇಳೋದು?" ದೊಡ್ಡಕ್ಕ ಕೇಳಿದಳು.

ಟೀಚರ್ ಆಗಲೇ ಬಾಯಿ ಮುಚ್ಚಿಕೊಂಡಿದ್ದಳು. ಕೈಯನ್ನು ಅವರ ಕಡೆ ಚಾಚಿದಳು, ತಟ್ಟೆ ಮುಂದಿಟ್ಟು ಶುರುಮಾಡಿ ಅನ್ನುವ ಹಾಗೆ.

ಮೊದಲ ವಾರ ಯಾರೂ ಏನೂ ಹೇಳಲಿಲ್ಲ ಎನ್ನಬಹುದು. ಟೀಚರ್ ಮೇಜಿನ ಮೇಲೆ ಒಂದು ಥರ್ಮಾಮೀಟರ್ ಇಡುತ್ತಿದ್ದಳು, ಒಂದು ಮುರಿದ ಚಪ್ಪಲಿ ಇಡುತ್ತಿದ್ದಳು, ಕಾಯುತ್ತಿದ್ದಳು. ಯಾರಾದರೂ "ಚಪ್ಪಲಿ" ಎಂದರೆ ತಲೆಯಾಡಿಸಿ ಮತ್ತೆ ಕಾಯುತ್ತಿದ್ದಳು. ಆರು ಜನ ಚಪ್ಪಲಿಯನ್ನೂ ಫ್ಯಾನನ್ನೂ ಒಬ್ಬರೊಬ್ಬರ ಮುಖವನ್ನೂ ನೋಡುತ್ತಿದ್ದರು. ಹೊರಗೆ ಹೋಗಿ ಬರುವವರ ಓಡಾಟವೇ ಜಾಸ್ತಿ. ಮೆಟ್ಟಿಲ ಮೇಲೆ ನಿಂತು ಪಟಾಕಿ ಹೊಟ್ಟೆ ಬಿರಿಯುವಷ್ಟು ಮಾತಾಡಿ ಒಳಗೆ ಬಂದು ಕೂರುತ್ತಿದ್ದಳು. "ಟೀಚರ್ ನಮ್ಮ ಜೊತೆ ಟೂ ಬಿಟ್ಟಿದಾರೆ ಕಣ್ರೇ," ಎಂದು ಅವಳು ಮೆಟ್ಟಿಲಿಂದ ಹೇಳಿದ್ದು ಒಳಗೆಲ್ಲ ಕೇಳಿಸಿತು. ಮಾಲೀಕ ಬಾಗಿಲಿನ ಗಾಜಿನಿಂದ ಇಣುಕಿ ಹೋದ. ಪಕ್ಕದ ಕೋಣೆಯಲ್ಲಿ ಹೊಸ ಹುಡುಗನ ಕ್ಲಾಸು ಹಾಡಿಗೆ ಚಪ್ಪಾಳೆ ತಟ್ಟುತ್ತಿತ್ತು.

ಸುಮ್ಮನಿರುವುದು ಕೆಲಸ ಎಂದು ಟೀಚರಿಗೆ ಗೊತ್ತಿರಲಿಲ್ಲ. ತಪ್ಪು ಪದ ಕಿವಿಗೆ ಬಿದ್ದ ಕೂಡಲೇ ನಾಲಿಗೆ ಎದ್ದು ನಿಲ್ಲುತ್ತಿತ್ತು. ಅದನ್ನು ಅಂಗುಳಕ್ಕೆ ಒತ್ತಿ ಹಿಡಿದು ಹಿಡಿದು ಮನೆಗೆ ಬರುವಾಗ ದವಡೆ ನೋಯುತ್ತಿತ್ತು.

"ತೋರಿಸು ಇಲ್ಲಿ," ಎಂದು ಗಂಡ ಅವಳ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದ. ಅವನು ಹಲ್ಲಿನ ಸೆಟ್ಟು ಮಾಡುವವನು, ಎಲ್ಲರ ಬಾಯಿಯನ್ನೂ ಹಾಗೇ ನೋಡುತ್ತಿದ್ದ. "ಹಲ್ಲು ಕಚ್ಕೊಂಡು ಕೂತಿದೀಯ ಇಡೀ ದಿನ. ಮದುವೆಯಾಗಿ ಇಷ್ಟು ವರ್ಷಕ್ಕೆ ನೀನು ಮಾತು ನಿಲ್ಸಿದೆ, ಅದೂ ಬೇರೆಯವರ ಎದುರಿಗೆ! ಆ ಲಾಭ ನನಗೆ ಸಿಗಬಾರದಿತ್ತಾ?"

"ನಿಮಗೆ ಬೇಕಾದ್ರೆ ಫೀಸು ಕಟ್ಟಿ ಕ್ಲಾಸಿಗೆ ಬನ್ನಿ," ಎಂದಳು ಟೀಚರ್. ಅವತ್ತಿನ ಮೊದಲ ಮಾತು ಅದು.

ಮೂರನೆಯ ವಾರ ಅವಳು ಒಂದು ಮಡಚುವ ಮಂಚ ತರಿಸಿದಳು. ಎರಡು ಬೆಡ್‌ಶೀಟು, ಒಂದು ದಿಂಬು, ಒಂದು ಹಗ್ಗ. ಹಗ್ಗವನ್ನು ಗೋಡೆಯ ಮೊಳೆಗೆ ಕಟ್ಟಿ ಇನ್ನೊಂದು ತುದಿಯನ್ನು ಪಟಾಕಿಯ ಮುಂಗೈಗೆ ಅಂಟಿಸಿ, ಅವಳನ್ನು ಮಂಚದ ಮೇಲೆ ಮಲಗಿಸಿದಳು. ಸಲೈನ್ ಏರುತ್ತಿರುವ ರೋಗಿ. ಇನ್ನೊಬ್ಬ ನರ್ಸಿಗೆ ಕೈಸನ್ನೆ ಮಾಡಿದಳು: ರೋಗಿಯನ್ನು ಎಬ್ಬಿಸದೆ ಶೀಟು ಬದಲಿಸು. ಹೇಗೆಂದು ಉಳಿದವರು ಅವಳಿಗೆ ಹೇಳಬೇಕು.

ಆ ನರ್ಸು ಮಕ್ಕಳ ಕ್ಲಿನಿಕ್ಕಿನವಳು. ದೊಡ್ಡವರ ಹಾಸಿಗೆ ಮುಟ್ಟಿ ಎಷ್ಟೋ ಕಾಲವಾಗಿತ್ತು. ಶೀಟಿನ ತುದಿ ಹಿಡಿದು, ಮೇಜಿನ ಬಟ್ಟೆ ಎಳೆದ ಹಾಗೆ, ಹಗ್ಗವಿದ್ದ ಕೈಯ ಕಡೆಯಿಂದಲೇ ಎಳೆದಳು.

"ಅಯ್ಯೋ, ಏನ್ ಮಾಡ್ತಿದೀಯ!" ದೊಡ್ಡಕ್ಕ ಎದ್ದು ನಿಂತಿದ್ದಳು. ಬ್ಯಾಗು ನೆಲಕ್ಕೆ ಬಿತ್ತು.

ಟೀಚರ್ ಬಾಗಿಲ ಕಡೆ ಬೆರಳು ತೋರಿಸಿದಳು.

ದೊಡ್ಡಕ್ಕ ಬಾಗಿಲು ನೋಡಿದಳು. ಹೊರಗೆ ಹೋಗಿ ಬರುವಷ್ಟರಲ್ಲಿ ಇಲ್ಲಿ ಇನ್ನೊಂದು ಎಳೆತ ಆಗಿಹೋಗುತ್ತದೆ. ನರ್ಸು ಮತ್ತೆ ತುದಿ ಹಿಡಿದಿದ್ದಳು. ದೊಡ್ಡಕ್ಕನ ಕುತ್ತಿಗೆಯಿಂದ ಕಿವಿಯ ತನಕ ಕೆಂಪೇರಿತು.

"ಕೈ!" ಎಂದಳು, ಆ ಭಾಷೆಯಲ್ಲಿ. "ಅಲ್ಲ! ಕೈ ಮೊದಲು! ಅವಳಿಗೆ ನೋವು. ನೀನು ಹಾಸಿಗೆ ನೋಡುವೆ. ಯಾಕೆ ಹಾಸಿಗೆ? ಮುಖ ನೋಡು! ಹಾಸಿಗೆಗೆ ನೋವು ಇಲ್ಲ!" ಬೆಂಚು ದಾಟಿ ಬಂದು ನರ್ಸಿನ ಕೈ ಬಿಡಿಸಿದಳು. "ನಾನು ಈ ಕಡೆ. ನೀನು ಆ ಕಡೆ. ಅವಳನ್ನು ಕೇಳು, 'ನಾನು ತಿರುಗಿಸಲಾ?' ಕೇಳದೆ ಮುಟ್ಟಬಾರದು. ನಿನ್ನ ಅಮ್ಮನಾ ಅವಳು, ಕೇಳದೆ ಮುಟ್ಟಲು? ಅಮ್ಮ ಆದರೂ ಕೇಳು!"

ಕಾಲ ತಪ್ಪು, ಲಿಂಗ ತಪ್ಪು, ಅರ್ಧ ಕ್ರಿಯಾಪದಗಳು ಹುಟ್ಟಿಯೇ ಇರಲಿಲ್ಲ. ಟೀಚರಿನ ನಾಲಿಗೆ ಎದ್ದು ನಿಂತಿತು. ಅವಳು ಕಿಟಕಿಯ ಕಡೆ ತಿರುಗಿ, ಕೆಳಗೆ ಗೋಡೆಗೆ ಒರಗಿಸಿದ್ದ ಟೈರುಗಳನ್ನು ಒಂದೊಂದಾಗಿ ನೋಡತೊಡಗಿದಳು. ಹಿಂದೆ ಶೀಟಿನ ಸದ್ದು, ದೊಡ್ಡಕ್ಕನ ಬೈಗುಳ, ನರ್ಸು ಅದೇ ಭಾಷೆಯಲ್ಲಿ ತಡವರಿಸುತ್ತ "ನೀವು ಕೂಗಿದರೆ ನನಗೆ ಕೈ ನಡುಗುವುದು" ಎಂದಿದ್ದು, ಎಲ್ಲ ಕೇಳುತ್ತಿತ್ತು.

ಶೀಟು ಬದಲಾಯಿತು. ದೊಡ್ಡಕ್ಕ ಏದುಸಿರು ಬಿಡುತ್ತ ರೋಗಿಯ ಕಡೆ ಬಾಗಿ ಕೇಳಿದಳು, "ಈಗ ಆರಾಮಾ?"

"ದೊಡ್ಡಕ್ಕ," ಎಂದಳು ಪಟಾಕಿ ಕಣ್ಣು ಮುಚ್ಚಿಕೊಂಡೇ, ಆ ಭಾಷೆಯಲ್ಲೇ, "ನಾನು ಆಗಲೇ ಸತ್ತೆ. ನೀವು ಜಗಳದಲ್ಲಿ ಇದ್ದಿರಿ."

ಮೊದಲು ನಕ್ಕವಳು ದೊಡ್ಡಕ್ಕ. ಆಮೇಲೆ ಎಲ್ಲರೂ. ಪಕ್ಕದ ಕೋಣೆಯ ಚಪ್ಪಾಳೆ ಒಂದು ಕ್ಷಣ ನಿಂತಿತು.

ಮರುದಿನದಿಂದ ಕೋಣೆಯಲ್ಲಿ ಗಲಾಟೆ. ಆ ಭಾಷೆಯಲ್ಲಿ ಅತ್ತೆಯರನ್ನು ಬೈದರು, ನೈಟ್ ಡ್ಯೂಟಿ ಹಾಕುವವರನ್ನು ಬೈದರು, ಮಂಚ ಕಿರುಗುಟ್ಟುತ್ತದೆಂದು ಟೈರ್ ಅಂಗಡಿಯವನಿಂದ ಎಣ್ಣೆ ತಂದು ಬಿಟ್ಟರು. ತಪ್ಪು ಆಡಿದವರನ್ನು ಅವರವರೇ ತಡೆದು ಸರಿಮಾಡಿಕೊಂಡರು, ಇಲ್ಲವೇ ಹಾಗೇ ಬಿಟ್ಟರು. ದೊಡ್ಡಕ್ಕ ಆಸ್ಪತ್ರೆಯ ವಿಷಯವಾದರೆ ಎಲ್ಲರಿಗಿಂತ ಮುಂದೆ. ಮನೆಯ ಮಾತು ಬಂದರೆ ಮತ್ತೆ ಹಿಂದಿನ ಬೆಂಚು, ತೊಡೆಯ ಮೇಲೆ ಬ್ಯಾಗು.

ಪರೀಕ್ಷೆಗೆ ಎರಡು ವಾರವಿರುವಾಗ ಅವಳು ಕ್ಲಾಸು ಮುಗಿದ ಮೇಲೆ ಮೆಟ್ಟಿಲ ಬಳಿ ಟೀಚರನ್ನು ತಡೆದಳು. "ಇಲ್ಲಿ ನಮ್ಮ ಭಾಷೆ ಮಾತಾಡಬಹುದಲ್ವಾ?"

"ಮಾತಾಡಿ."

"ಒಂದೇ ಒಂದು ಉತ್ತರ ಬರ್ಕೊಡಿ. 'ನಮ್ಮ ದೇಶಕ್ಕೆ ಯಾಕೆ ಬರ್ತೀರಿ' ಅಂತ ಕೇಳೇ ಕೇಳ್ತಾರೆ. ಬೇರೆ ಏನ್ ಕೇಳಿದ್ರೂ ನಿಭಾಯಿಸ್ತೀನಿ. ಅದೊಂದು ನನ್ನ ಕೈಲಾಗಲ್ಲ."

"ನಿಮಗೆ ಯಾಕೆ ಹೋಗ್ಬೇಕು?"

ದೊಡ್ಡಕ್ಕ ಬ್ಯಾಗಿನ ಪಟ್ಟಿ ಸರಿಪಡಿಸಿಕೊಂಡಳು. "ಅದನ್ನೆಲ್ಲ ಹೇಳೋಕಾಗುತ್ತಾ ಟೀಚರ್? ಸೇವೆ, ಅನುಭವ, ಅಂತ ಏನಾದ್ರೂ ಚೆಂದಾಗಿರೋದು. ನಿಮ್ಮ ಹತ್ರ ಇದ್ದೇ ಇರುತ್ತೆ."

ಇತ್ತು. ಒಂಬತ್ತು ಸಾಲು, ನುಣ್ಣಗೆ, ಒಂದೂ ಮುಳ್ಳಿಲ್ಲದ್ದು. ಗಂಟಲ ತನಕ ಬಂದು ನಿಂತಿತ್ತು. "ಕೊಡಲ್ಲ," ಎಂದಳು ಟೀಚರ್.

"ನಲವತ್ತೈದು ನಡೀತಿದೆ ನನಗೆ."

"ಗೊತ್ತು."

"ಗೊತ್ತಿದ್ದೂ ಕೊಡಲ್ಲ." ದೊಡ್ಡಕ್ಕ ತಲೆಯಾಡಿಸಿದಳು, ವಾರ್ಡಿನಲ್ಲಿ ಕೆಟ್ಟ ರಿಪೋರ್ಟು ಓದುವಾಗಿನ ಹಾಗೆ. "ನಿಮ್ಮ ಕೆರೆ ಉತ್ತರ ಬೇಕು ಅಂತ ನಾನು ಕೇಳಿರಲಿಲ್ಲ, ನೀವಾಗಿ ಬಾಯಿಗೆ ಹಾಕಿದ್ರಿ. ಈಗ ನಾನಾಗಿ ಕೇಳಿದ್ರೆ ಇಲ್ಲ ಅಂತೀರಿ. ನಿಮ್ಮ ಹಠಕ್ಕೆ ನನ್ನ ಬದುಕೇ ಬೇಕಿತ್ತಾ?"

ಸದ್ದಾಗದ ಬೂಟುಗಳಲ್ಲಿ ಇಳಿದು ಹೋದಳು. ಮರುದಿನ ಕ್ಲಾಸಿಗೆ ಬರಲಿಲ್ಲ. ಅದರ ಮರುದಿನವೂ.

ಒಂದು ಮಧ್ಯಾಹ್ನ ಅಡುಗೆಮನೆಯಲ್ಲಿ ನಿಂತು ಟೀಚರ್ ಫೋನಿನಲ್ಲಿ ಆ ಒಂಬತ್ತು ಸಾಲು ಬರೆದಳು. ಬರೆಯಲು ಯೋಚಿಸಬೇಕಾಗಲಿಲ್ಲ, ಬೆರಳೇ ಬರೆಯಿತು. ಗಂಡ ನೀರು ಕುಡಿಯಲು ಬಂದವನು ಹೆಗಲ ಮೇಲಿಂದ ನೋಡಿದ.

"ಯಾರಿಗೆ? ಆ ವಾರ್ಡಿನವಳಿಗಾ? ಕಳಿಸ್ಬಿಡು ಅತ್ಲಾಗೆ. ಪಾಸಾದ್ರೆ ಹೋಗಿ ಅಲ್ಲೇ ಕಲೀತಾಳೆ."

"ಅವನು ಎರಡನೇ ಪ್ರಶ್ನೆ ಕೇಳ್ತಾನಲ್ಲ," ಎಂದಳು ಟೀಚರ್. "ಎರಡನೇದಕ್ಕೆ ಯಾರು ಕಳಿಸ್ತಾರೆ?"

ಕಡೆಯಿಂದ ಅಳಿಸುತ್ತ ಬಂದಳು. ಕೃತಜ್ಞತೆ ಹೋಯಿತು, ಅನುಭವ ಹೋಯಿತು, ಸೇವೆ ಹೋಯಿತು. ಕೊನೆಗೆ 'ನಾನು' ಎಂಬುದೊಂದು ಉಳಿಯಿತು. ಅದನ್ನೂ ಅಳಿಸಿ ಫೋನನ್ನು ಡಬ್ಬಿಗಳ ಹಿಂದೆ ಇಟ್ಟಳು.

ಪರೀಕ್ಷೆಯ ದಿನ ದೊಡ್ಡಕ್ಕ ಬಂದಳು. ಉದ್ದ ಕಾರಿಡಾರಿನ ಬೆಂಚಿನ ಮೇಲೆ ಐದು ಜನ ಸಾಲಾಗಿ ಕೂತಿದ್ದರು, ಪಕ್ಕದಲ್ಲಿ ಟೀಚರ್. ದೊಡ್ಡಕ್ಕ ಎದುರಿನ ಗೋಡೆಗೆ ಒರಗಿ ನಿಂತಳು. ಟೀಚರ್ ಕಡೆ ನೋಡಲಿಲ್ಲ. ಇಸ್ತ್ರಿ ಮಾಡಿದ ಬಿಳಿ ಕಾಲರು, ಕೈ ಹಿಂದೆ ಕಟ್ಟಿಕೊಂಡಿದ್ದಳು. ಅವಳ ನಂಬರು ಕರೆದಾಗ ಕರೆದವನಿಗಿಂತ ಮುಂಚೆ ಬಾಗಿಲಲ್ಲಿದ್ದಳು.

ಬಾಗಿಲು ದಪ್ಪನೆಯದು. ಏನೂ ಕೇಳಿಸುವುದಿಲ್ಲ. ಮೊದಲು ಹೋಗಿದ್ದ ಬೇರೆ ಸೆಂಟರಿನವರು ಬೇಗ ಬಂದಿದ್ದರು; ಇವಳು ಬರಲಿಲ್ಲ. ಪಟಾಕಿ ಉಗುರು ಕಚ್ಚುತ್ತ, "ಒಳಗೆ ಅವನಿಗೇ ಬೈತಿರಬೇಕು," ಎಂದಳು. ಕಾರಿಡಾರಿನ ಆ ಕೊನೆಯಿಂದ ಒಬ್ಬ ಹೆಂಗಸು ನೆಲ ಒರೆಸುತ್ತ ಬಂದು, ಅವರ ಕಾಲ ಬಳಿಯೂ ಒರೆಸಿ, ಹಿಂದೆ ಹಿಂದೆ ನಡೆಯುತ್ತ ತಿರುವಿನಲ್ಲಿ ಮರೆಯಾದಳು. ಎಲ್ಲರೂ ಪಾದ ಎತ್ತಿಕೊಂಡು ಕೂತರು.

ಬಾಗಿಲು ತೆರೆಯಿತು. ದೊಡ್ಡಕ್ಕನ ಕೈಯಲ್ಲಿ ಒಂದು ಚೀಟಿ. ಪಟಾಕಿ ಹಾರಿ ಹೋಗಿ ಕಿತ್ತುಕೊಂಡಳು. "ಪಾಸ್! ದೊಡ್ಡಕ್ಕ, ಪಾಸ್! ಸಹಿ ಹಾಕಿದಾರೆ ನೋಡಿ!" ಉಳಿದ ನಾಲ್ವರೂ ಚೀಟಿಯ ಮೇಲೆ ಬಿದ್ದರು.

ದೊಡ್ಡಕ್ಕ ಚೀಟಿಯನ್ನು ಅವರಿಗೆ ಬಿಟ್ಟು ಬಂದು ಟೀಚರ್ ಪಕ್ಕದಲ್ಲಿ ಕೂತಳು.

"ಆ ಪ್ರಶ್ನೆ ಕೇಳಿದ್ರಾ?" ಎಂದಳು ಟೀಚರ್.

ದೊಡ್ಡಕ್ಕ ಉತ್ತರ ಕೊಟ್ಟಿದ್ದು ಆ ಭಾಷೆಯಲ್ಲಿ. ಇನ್ನೂ ಪರೀಕ್ಷೆಯಿಂದ ಹೊರಗೆ ಬಂದಿಲ್ಲ ಎಂದು ಟೀಚರ್ ಅಂದುಕೊಂಡಳು. ಧ್ವನಿ ತಗ್ಗಿತ್ತು.

"ಕೇಳಿದರು. ಯಾಕೆ ಬರುತ್ತೀರಿ. ನಾನು ಹೇಳಿದೆ. ನನ್ನ ವಾರ್ಡಿನಲ್ಲಿ ಜನ. ನನ್ನ ಮನೆಯಲ್ಲಿ ಜನ. ಬಸ್ಸಿನಲ್ಲಿ ಜನ. ಚಿಕ್ಕಂದಿನಲ್ಲಿ ಏಳು ಜನ ಒಂದು ಕೋಣೆ. ಅಲ್ಲಿ ನನಗೆ ಒಂದು ಕೋಣೆ ಕೊಡುತ್ತಾರೆ. ಚಿಕ್ಕದು. ಡ್ಯೂಟಿ ಮುಗಿದ ಮೇಲೆ ನಾನು ಒಳಗೆ ಹೋಗಿ ಬಾಗಿಲು ಹಾಕುವೆ." ನಿಲ್ಲಿಸಿದಳು. ಪದ ಹುಡುಕುತ್ತಿರಲಿಲ್ಲ. "ನನ್ನ ಗಂಡ ಒಳ್ಳೆಯವನು. ಮಕ್ಕಳು ಒಳ್ಳೆಯವರು. ಆದರೂ ಹಾಕುವೆ. ಇದನ್ನು ನಮ್ಮ ಭಾಷೆಯಲ್ಲಿ ನಾನು ಯಾರಿಗೂ ಹೇಳಿಲ್ಲ."

"ಅವರು ಏನೆಂದರು?" ಟೀಚರಿಗೆ ಅರಿವಿಲ್ಲದೆಯೇ ಅದೇ ಭಾಷೆ ಬಂದಿತ್ತು.

"ಎರಡನೆಯ ಪ್ರಶ್ನೆ ಕೇಳಿದರು. ಬಾಗಿಲು ಹಾಕಿದ ಮೇಲೆ ಅಳು ಬಂದರೆ? ನಾನು ಹೇಳಿದೆ, ಅಳುವೆ. ಅಳುವುದಕ್ಕೂ ಅಲ್ಲಿ ಜಾಗ ಇರುತ್ತದೆ."

ಇಪ್ಪತ್ತು ವರ್ಷ ಟೀಚರ್ ಆ ಭಾಷೆಯನ್ನು ಮಾತಾಡಿದ್ದಳು. ತನಗೆ ಮೊದಲೇ ಗೊತ್ತಿಲ್ಲದ ಒಂದು ಸಂಗತಿಯನ್ನು ಯಾರೂ ಅವಳಿಗೆ ಅದರಲ್ಲಿ ಹೇಳಿರಲಿಲ್ಲ. ಅವಳು ಕೈಗಳನ್ನು ತೊಡೆಯ ಮೇಲೆ ಇಟ್ಟುಕೊಂಡಳು. ಕೇಳಬೇಕಾದ್ದು ಇತ್ತು, ಆದರೆ ವಾಕ್ಯ ಸಿದ್ಧವಾಗಿರಲಿಲ್ಲ. ಪದಗಳು ಒಂದೊಂದಾಗಿ, ಬೇರೆ ಬೇರೆ ಕಡೆಯಿಂದ ಬರಬೇಕಾಯಿತು.

"ಬಾಗಿಲು ಹಾಕಿ... ಮೊದಲ ದಿನ... ಏನು ಮಾಡುತ್ತೀರಿ?"

"ಗೊತ್ತಿಲ್ಲ," ಎಂದಳು ದೊಡ್ಡಕ್ಕ, ಬಹಳ ಯೋಚಿಸಿ. "ಮೊದಲು ಕೂರುವೆ. ದೀಪ ಹಾಕದೆ." ಆಮೇಲೆ ಅವಳ ಕಡೆ ತಿರುಗಿದಳು. "ನೀವು? ನೀವು ಏನು ಮಾಡುವಿರಿ?"

"ನಾನು..." ಎಂದು ಟೀಚರ್ ಆ ಭಾಷೆಯಲ್ಲೇ ಶುರುಮಾಡಿ, ಮುಂದಿನ ಪದ ಹುಡುಕತೊಡಗಿದಳು. ದೊಡ್ಡಕ್ಕ ಕಾದಳು. ಪಟಾಕಿಯ ನಂಬರು ಕರೆದರು, ಅವಳು ಚೀಟಿಯನ್ನು ಯಾರದೋ ಕೈಗೆ ತುರುಕಿ ಓಡಿದಳು. ಕಾರಿಡಾರಿನ ಆ ಕೊನೆಯಲ್ಲಿ ಒಬ್ಬಾತ ಬೂಟು ಕಳಚಿ ಕೈಯಲ್ಲಿ ಹಿಡಿದು ನಿಂತಿದ್ದ, ಒದ್ದೆ ನೆಲ ಅಂಚುಗಳಿಂದ ಒಳಕ್ಕೆ ಆರುತ್ತ ಬರುವುದನ್ನು ನೋಡುತ್ತ.